ಜೂನ್ ಮೂವತ್ತರಂದು ಸುಟ್ಟ ಕೈ ಯಾರದು?

ಆರೋಗ್ಯ ಇಲಾಖೆಯ ಮಾನ್ಯ ನಿರ್ದೇಶಕರೇ,

ಹಂಗಾಮಿ ನೌಕರಳಾಗಿದ್ದ ನನ್ನ ಅಮ್ಮನನ್ನು ಖಾಯಂ ಮಾಡಬೇಕಾದೀತೆಂದು ನಿಮ್ಮ ಇಲಾಖೆ ಪ್ರತಿ ವರ್ಷ ಜೂನ್ ಮೂವತ್ತರಂದು ಕೆಲಸದಿಂದ ತೆಗೆದುಹಾಕಿ, ಮರುದಿನ ಮತ್ತೆ ಸೇರಿಸಿಕೊಂಡು, ಆ ಒಂದು ದಿನಕ್ಕೆ ‘ರಜೆ’ ಎಂದು ಸುಳ್ಳು ಹೇಳಿತು. ಅದೇ ಸುಳ್ಳನ್ನು ಆಧಾರವಾಗಿಟ್ಟುಕೊಂಡು ಈಗ ಆಕೆಗೆ ಪಿಂಚಣಿ ಇಲ್ಲ ಎಂದಿದೆ. ‘ಅರ್ಜಿದಾರರ ಸೇವೆ ನಿರಂತರವಾಗಿಲ್ಲದ ಕಾರಣ ಕೋರಿಕೆಯನ್ನು ತಿರಸ್ಕರಿಸಲಾಗಿದೆ’ ಎಂಬ ಒಂದೇ ಸಾಲಿನ ಉತ್ತರದ ಕೆಳಗೆ ಇರುವುದು ನಿಮ್ಮದೇ ಸಹಿ. ಆದ್ದರಿಂದ ನಿಮಗೇ ಬರೆಯುತ್ತಿದ್ದೇನೆ, ಊರೆಲ್ಲ ಓದಲಿ ಎಂದು ಬರೆಯುತ್ತಿದ್ದೇನೆ.

ಅಮ್ಮ ಕೆಲಸ ಮಾಡಿದ್ದು ಸರ್ಕಾರಿ ಆಸ್ಪತ್ರೆಯ ನೆಲಮಾಳಿಗೆಯಲ್ಲಿ. ಶಸ್ತ್ರಚಿಕಿತ್ಸೆಯ ಕತ್ತರಿ, ಚಿಮಟ, ಬಟ್ಟೆಗಳನ್ನು ಡ್ರಮ್ಮುಗಳಿಗೆ ತುಂಬಿ ಹಬೆಯಲ್ಲಿ ಬೇಯಿಸಿ ಶುದ್ಧ ಮಾಡುವ ಕೋಣೆ ಅದು. ಕಿಟಕಿಯಿಲ್ಲ. ಮನೆಗೆ ಬಂದರೂ ಆಕೆಯ ಸೀರೆಯಿಂದ ಕಾದ ಬಟ್ಟೆಯ ವಾಸನೆ ಹೋಗುತ್ತಿರಲಿಲ್ಲ. ಹಬ್ಬವಿರಲಿ ಹುಣ್ಣಿಮೆಯಿರಲಿ, ಆ ಕೋಣೆಗೆ ಬಿಡುವಿಲ್ಲ. ಹೀಗಿರುವಾಗ ವರ್ಷಕ್ಕೊಮ್ಮೆ ಅಮ್ಮ ಇಡೀ ದಿನ ಮನೆಯಲ್ಲಿರುತ್ತಾಳೆ ಎಂದರೆ ನನಗೆ ಹೇಗಾಗಿರಬೇಡ? ಜೂನ್ ಹುಟ್ಟಿದ ದಿನದಿಂದಲೇ ಕಾಯುತ್ತಿದ್ದೆ. ಅಂದು ಶಾಲೆಗೆ ಚಕ್ಕರ್. ತಲೆಗೆ ಎಣ್ಣೆ ಹಚ್ಚಿ ಜಡೆ ಹೆಣೆಯುತ್ತಾ ಅಮ್ಮ ಹೇಳುತ್ತಿದ್ದಳು, “ದೊಡ್ಡ ಸಾಹೇಬ್ರು ಒಳ್ಳೆಯವರು ಕಣೇ. ಕೇಳದೇನೇ ರಜೆ ಕೊಡ್ತಾರೆ. ಅವರ ಹೊಟ್ಟೆ ತಣ್ಣಗಿರಲಿ.”

ಮಗುವನ್ನು ಚಿವುಟಿ ತೊಟ್ಟಿಲು ತೂಗುವುದು ಎಂದರೆ ಇದೇ ಅಲ್ಲವೇ, ನಿರ್ದೇಶಕರೇ? ಚಿವುಟಿಸಿಕೊಂಡ ಮಗು ಕೈ ಮುಗಿಯುತ್ತಿತ್ತು, ಅಷ್ಟೇ ವ್ಯತ್ಯಾಸ.

ಒಂದು ವರ್ಷ ಅದೇ ದಿನ ಊರಾಚೆ ಬಸ್ಸು ಉರುಳಿತು. ಆಸ್ಪತ್ರೆಯಿಂದ ವಾರ್ಡಿನ ಅಣ್ಣ ಓಡಿಬಂದ. “ಅಕ್ಕಾ, ಎದ್ದು ಬಾ, ಕೆಳಗೆ ಡ್ರಮ್ ಬೇಯಿಸೋರು ಒಬ್ಬರೂ ಇಲ್ಲ!”

“ಇವತ್ತು ನನಗೆ ರಜೆ ಅಲ್ವೇನೋ?”

“ರಜೆ ಗಿಜೆ ಆಮೇಲೆ. ಮೇಲೆ ಜನ ಸಾಯ್ತಾ ಇದಾರೆ.”

ಒಂದು ಜಡೆ ಮುಗಿದಿತ್ತು, ಇನ್ನೊಂದು ಕಡೆಯ ಕೂದಲು ಕೆದರಿಕೊಂಡೇ ಇತ್ತು. ಅಮ್ಮ ಬಾಚಣಿಗೆ ನನ್ನ ಕೈಗಿಟ್ಟು ಹೋದಳು. ಸಂಜೆಯವರೆಗೂ ನಾನು ಒಂಟಿ ಜಡೆಯಲ್ಲಿ ಹೊಸಿಲ ಮೇಲೆ ಕೂತಿದ್ದೆ. ಅವಳು ಬಂದಾಗ ಬಲಗೈಗೆ ಬ್ಯಾಂಡೇಜು. ಅವಸರದಲ್ಲಿ ಮುಚ್ಚಳ ತೆಗೆಯುವಾಗ ಹಬೆ ಹೊಡೆದಿತ್ತು. ಆ ಕೈಯ ಬೆರಳುಗಳು ಇಂದಿಗೂ ಪೂರ್ತಿ ಮಡಚಿಕೊಳ್ಳುವುದಿಲ್ಲ. ನನ್ನ ಎರಡನೆಯ ಜಡೆಯನ್ನು ಅಂದು ಪಕ್ಕದ ಮನೆಯ ಅಜ್ಜಿ ಹೆಣೆದರು.

ಈಗ ಹೇಳಿ, ನಿಮ್ಮ ಕಡತದ ಪ್ರಕಾರ ಅಂದು ಅಮ್ಮ ನೌಕರಳೇ ಅಲ್ಲ. ಹಾಗಾದರೆ ಆ ಕೋಣೆಯಲ್ಲಿ ಸುಟ್ಟುಕೊಂಡ ಕೈ ಯಾರದು? ಬೀದಿಯಲ್ಲಿ ಹೋಗುವವಳನ್ನು ಕರೆದು ಶಸ್ತ್ರಚಿಕಿತ್ಸೆಯ ಕತ್ತರಿ ಕೊಡುವ ಪದ್ಧತಿ ನಿಮ್ಮಲ್ಲಿ ಇದೆಯೇ?

ಆಮೇಲೆ ಆಕೆಯನ್ನು ಖಾಯಂ ಮಾಡಿದಿರಿ, ನಿಜ. ಆದರೆ ಹಿಂದಿನ ವರ್ಷಗಳೆಲ್ಲ ನೀರಲ್ಲಿ ಹೋಮವಾದವು. ಆಕೆಯಿಂದಲೇ ಕೆಲಸ ಕಲಿತ ಹುಡುಗ, ನೇರವಾಗಿ ಖಾಯಂ ಆಗಿ ಬಂದವನು, ಜ್ಯೇಷ್ಠತಾ ಪಟ್ಟಿಯಲ್ಲಿ ಆಕೆಗಿಂತ ಮೇಲೇರಿ ಮೇಲ್ವಿಚಾರಕನಾದ. ಅವನೇ ನಾಚಿಕೊಂಡು, “ಅಕ್ಕಾ, ನಿನ್ನ ಮುಂದೆ ಕುರ್ಚೀಲಿ ಕೂರೋಕಾಗಲ್ಲ” ಎಂದು ನಿಂತೇ ಮಾತಾಡುತ್ತಿದ್ದ. ನಿಮಗೆ ಮಾತ್ರ ಕೂತಲ್ಲೇ ನಿದ್ದೆ ಬರುತ್ತದೆ.

ಕಳೆದ ತಿಂಗಳು ನಿವೃತ್ತಳಾದ ಅಮ್ಮನ ಜೊತೆ ಪಿಂಚಣಿಯ ಅರ್ಜಿ ಹಿಡಿದು ನಿಮ್ಮ ಕಚೇರಿಯ ಕಿಟಕಿಗೆ ಹೋಗಿದ್ದೆ. ಗುಮಾಸ್ತರು ಕಡತ ತಿರುವಿ ಕೇಳಿದರು, “ಏನಮ್ಮಾ, ವರ್ಷ ವರ್ಷ ಕೆಲಸ ಬಿಟ್ಟು ಬಿಟ್ಟು ಸೇರಿದೀರಲ್ಲ?”

“ನಾನೆಲ್ಲಿ ಬಿಟ್ಟೆ ಸ್ವಾಮಿ? ಅದು ಸಾಹೇಬ್ರು ಕೊಟ್ಟ ರಜೆ.”

“ರಜೆ ಅಲ್ಲಮ್ಮ ಅದು. ನಿಮ್ಮನ್ನ ತೆಗೆದುಹಾಕಿದ್ದು. ಯಾರೂ ಹೇಳಲಿಲ್ವಾ?”

ಮೆಟ್ಟಿಲಿಳಿಯುವಾಗ ಅಮ್ಮ ಪಿಂಚಣಿಯ ಮಾತೆತ್ತಲಿಲ್ಲ. ಕೊನೆಯ ಮೆಟ್ಟಿಲ ಮೇಲೆ ನಿಂತು, “ಹಂಗಾದ್ರೆ ನನ್ನ ಕೆಲಸ ಹೋದ ದಿನ ನಾವಿಬ್ಬರೂ ಕುಣೀತಿದ್ವೇನೇ?” ಎಂದಳು. ಇದಕ್ಕೆ ಉತ್ತರ ನಿಮ್ಮ ಬಳಿ ಇದೆಯೇ?

ನಾನು ಕಾನೂನು ಕಾಲೇಜಿನ ಮೆಟ್ಟಿಲು ಹತ್ತಿದವಳಲ್ಲ. ನೌಕರರ ಸಂಘ ಹಂಚುವ ಕರಪತ್ರಗಳನ್ನು ಓದಿ ಕಲಿತವಳು. ಅವುಗಳಲ್ಲಿ ಒಂದು ಮಾತಿದೆ: ತಪ್ಪು ಮಾಡಿದವನು ತನ್ನ ತಪ್ಪಿನಿಂದಲೇ ಲಾಭ ಪಡೆಯುವಂತಿಲ್ಲ. ಸೇವೆಯನ್ನು ಕತ್ತರಿಸಿದವರು ನೀವು, ತುಂಡಾಗಿದೆ ಎಂದು ದೂರುವವರೂ ನೀವೇ. ಕೆಲಸ ನಿಂತಿರಲಿಲ್ಲ, ಹುದ್ದೆ ಹೋಗಿರಲಿಲ್ಲ, ಆಕೆ ಬಿಟ್ಟಿರಲಿಲ್ಲ. ಒಂದು ದಿನದ ವಿರಾಮಕ್ಕೆ ನಿಮ್ಮ ಲೇಖನಿಯ ಹೊರತು ಬೇರೆ ಕಾರಣವೇ ಇರಲಿಲ್ಲ. ಪಿಂಚಣಿಯೆಂದರೆ ನೀವು ಬೊಗಸೆಗೆ ಸುರಿಯುವ ಕರುಣೆಯೇ? ಅದು ಆಕೆ ಆಗಲೇ ದುಡಿದಿಟ್ಟದ್ದು.

ನಾನು ಕೇಳುವುದು ಇಷ್ಟೇ. ಆ ಕೃತಕ ವಿರಾಮಗಳನ್ನು ರದ್ದುಪಡಿಸಿ, ಮೊದಲು ಸೇರಿದ ದಿನದಿಂದ ಅಮ್ಮನ ಸೇವೆಯನ್ನು ನಿರಂತರವೆಂದು ಎಣಿಸಿ, ಜ್ಯೇಷ್ಠತೆಯನ್ನೂ ಪಿಂಚಣಿಯನ್ನೂ ಮಂಜೂರು ಮಾಡಿ. ಆಗದು ಎನ್ನುವುದಾದರೆ ಕಾಗದದಲ್ಲಿ ಬೇಡ, ಆಕೆಯ ಆ ಕೈಯನ್ನು ನೋಡುತ್ತಾ ಬಾಯಲ್ಲಿ ಹೇಳಿ.

ಅದಕ್ಕೆ ದಿನವನ್ನೂ ನಾವೇ ಗೊತ್ತುಮಾಡಿದ್ದೇವೆ. ಈ ಜೂನ್ ಮೂವತ್ತು, ಮಂಗಳವಾರ, ಬೆಳಿಗ್ಗೆ ಹತ್ತೂವರೆಗೆ ಅಮ್ಮ ಮತ್ತು ನಾನು ನಿಮ್ಮ ಕೋಣೆಯ ಬಾಗಿಲಲ್ಲಿರುತ್ತೇವೆ. ಅಂದು ನೀವಾದರೂ ಸೇವೆಯಲ್ಲಿ ಇರುತ್ತೀರಿ ಎಂದು ನಂಬಿದ್ದೇನೆ.

ಇಂತಿ,
ನಿಮ್ಮ ರಜೆಯನ್ನು ನಂಬಿ ಒಂಟಿ ಜಡೆಯಲ್ಲಿ ಕಾದು ಕೂತಿದ್ದ ಪೆದ್ದಿ