ಪಂಪ್‌ಹೌಸಿನ ಕೀಲಿಕೈ

ನೀರು ಸರಬರಾಜು ಕಚೇರಿಯ ಲೆಕ್ಕಾಧಿಕಾರಿಗಳಿಗೆ,

ನಿವೃತ್ತ ನೀರುಗಂಟಿಯ ನಮಸ್ಕಾರಗಳು.

ಪಂಪ್‌ಹೌಸಿನ ಕೀಲಿಕೈ ಒಪ್ಪಿಸಿಲ್ಲವೆಂದು ನನ್ನ ಪಿಂಚಣಿ ತಡೆಹಿಡಿದಿರುವುದಾಗಿ ತಾವು ಬರೆದದ್ದು ತಲುಪಿತು. ನಿವೃತ್ತಿಯ ದಿನವೇ ಒಪ್ಪಿಸಲು ಬಂದಿದ್ದೆ. "ನಿಮ್ಮ ಜಾಗಕ್ಕೆ ಇನ್ನೂ ಯಾರೂ ಬಂದಿಲ್ಲ, ಸದ್ಯಕ್ಕೆ ನೀವೇ ಇಟ್ಕೊಂಡಿರಿ" ಎಂದರು ನಿಮ್ಮ ಗುಮಾಸ್ತರು. ಕೊಡಲು ಬಂದರೆ ಬೇಡ, ಇಟ್ಟುಕೊಂಡರೆ ತಪ್ಪು. ಇದು ಯಾವ ಊರಿನ ನ್ಯಾಯ ಸ್ವಾಮಿ?

ಕೀಲಿ ಕಿಸೆಯಲ್ಲಿಟ್ಟುಕೊಂಡು ಊರಿನ ನಲ್ಲಿಗಳನ್ನು ಒಣಗಿಸಲು ಮನಸ್ಸಾಗಲಿಲ್ಲ. ಹಾಗಾಗಿ ಈ ವರ್ಷವಿಡೀ ಬೆಳಗಿನ ಪಂಪು ಹಾಕಿದವನು ನಾನೇ. "ನಿಮಗೆ ನಿವೃತ್ತಿ ಆಗಿರೋದು ಸಂಬಳದಿಂದ ಮಾತ್ರ ಕಣ್ರೀ" ಎನ್ನುತ್ತಾಳೆ ಹೆಂಡತಿ. ಅವಳ ಮಂಡಿನೋವಿನ ಮಾತ್ರೆಗೂ ಈಗ ಮಗಳ ಮುಂದೆ ಕೈಚಾಚುತ್ತಿದ್ದೇವೆ.

ನಿಯಮ ನಿಯಮವೇ. ಈ ಪತ್ರದ ಜೊತೆ ಕೀಲಿಕೈ ಇಟ್ಟಿದ್ದೇನೆ. ದಯವಿಟ್ಟು ರಸೀದಿ ಕೊಟ್ಟು ಪಿಂಚಣಿ ಬಿಡುಗಡೆ ಮಾಡಿಸಿ. ಬೀಗ ಬಿಗಿಯಾಗಿದೆ, ಬಾಗಿಲನ್ನು ತುಸು ಮೇಲಕ್ಕೆತ್ತಿ ಕೀಲಿ ತಿರುಗಿಸಬೇಕೆಂದು ನಾಳೆ ಬರುವವರಿಗೆ ಹೇಳಿ.

ಬರುವವರು ಯಾರೂ ಇಲ್ಲದಿದ್ದರೆ, ಇವತ್ತು ಸಂಜೆಯೇ ಒಂದೆರಡು ಬಕೆಟ್ ನೀರು ಹೆಚ್ಚಿಗೆ ಹಿಡಿದಿಡಲು ತಮ್ಮ ಮನೆಯಲ್ಲಿ ತಿಳಿಸಿ.

ಇಂತಿ,
ಈಗ ನಿಜಕ್ಕೂ ನಿವೃತ್ತನಾದ
ನೀರುಗಂಟಿ