ಕ್ಯಾಸೆಟ್ಟಿನ ಇನ್ನೊಂದು ಬದಿ

ಪಪ್ಪಾ,

ತೀರಿಕೊಂಡವರಿಗೆ ಪತ್ರ ಬರೆಯುವಷ್ಟು ತಲೆ ಕೆಟ್ಟಿದೆ ನನಗೆ. ಎಲ್ಲ ಈ ಗೆವೋರ್ಗ್ ಅಂಕಲ್ ದೆಸೆಯಿಂದ.

ಇಲ್ಲಿ ಕುವೈತಿನ ಜಾಬ್ರಿಯಾದಲ್ಲಿ ನಾನು ನೋಡಿಕೊಳ್ಳುವ ಇವರು ಸೋವಿಯತ್ ಕಾಲದ ಆರ್ಮೇನಿಯನ್ ಸಿನಿಮಾ ನಟ. ಮಾಸ್ಕೋದವರು ಕೊಟ್ಟದ್ದೆಲ್ಲ ಇಟಲಿಯ ಕಳ್ಳ, ಸ್ಪೇನಿನ ಕುಡುಕನ ಪಾತ್ರ. ಉಚ್ಚಾರಣೆ ಸರಿಯಿಲ್ಲವೆಂದು ದನಿಯನ್ನೂ ಯಾರೋ ಒಬ್ಬ ರಷ್ಯನ್ನನಿಂದ ಕೊಡಿಸಿದರಂತೆ. ಇವತ್ತು ಅವರ ಹಳೆಯ ಸಿನಿಮಾ ಹಾಕಿದೆ. ಟಿವಿಗೆ ಚಪ್ಪಲಿ ಎಸೆದರು.

“ಮುಖ ನನ್ನದು, ಗಂಟಲು ಅವನದು! ಖಲಾಸ್! ಮೋರಿಸ್, ನಾನು ಸಾಯುವ ಮೊದಲು ನನ್ನ ದನಿ ರೆಕಾರ್ಡ್ ಮಾಡು. ಯಲ್ಲಾ, ಬೇಗ!”

“ಖಾಲಿ ಕ್ಯಾಸೆಟ್ ಇಲ್ಲ ಅಂಕಲ್. ನಾಳೆ ತರ್ತೇನೆ.”

“ನಾಳೆ ನಾನಿದ್ದರೆ ತಾನೇ? ನಿನ್ನ ಬ್ಯಾಗಲ್ಲಿ ಒಂದುಂಟಲ್ಲ?”

“ಅದು ಪಪ್ಪ ಊರಿಂದ ಮಾತಾಡಿ ಕಳಿಸಿದ್ದು.”

“ಎರಡೂ ಬದಿ ಮಾತಾಡಿದ್ದಾರಾ?”

ನನಗೆ ಸುಳ್ಳು ಹೇಳಲು ಬರುವುದಿಲ್ಲ, ಅದು ನಿಮಗೂ ಗೊತ್ತು. ಒಂದೇ ಬದಿ ಎಂದೆ.

ಈಗ ಬಿ ಬದಿ ತುಂಬ ಅವರ ಆರ್ಮೇನಿಯನ್ ಗುಡುಗು. ನನಗೆ ಒಂದಕ್ಷರ ಅರ್ಥವಾಗುವುದಿಲ್ಲ. ಎ ಬದಿಯ ಕೊನೆಯಲ್ಲಿ ನೀವು ಈಗಲೂ ಹೇಳುತ್ತೀರಿ: “ನೀನು ಶಾಲೆ ಬಿಟ್ಟು ಗಲ್ಫಿಗೆ ಹೋದದ್ದು ಇರಲಿ ಮಗಾ. ಆಚೆ ಬದಿ ನಿನಗೇಂತ ಖಾಲಿ ಬಿಟ್ಟಿದ್ದೇನೆ. ಎರಡು ಮಾತಾಡಿ ವಾಪಸ್ ಕಳಿಸು.”