ಕೆರೆಗೆ ಇಳಿದ ಪಲ್ಲವಿ

ಕ್ಯಾತ್ಸಂದ್ರ, ತುಮಕೂರು
೧೮-೮-೨೦೨೫, ಸೋಮವಾರ

ಪಲ್ಲವಿ ಅಪ್ಪನವರಿಗೆ ರೂಪಶ್ರೀ ಮಾಡುವ ನಮಸ್ಕಾರ.

ಆರೋಗ್ಯವಾಗಿದೀರಾ? ಮಂಡಿನೋವು ಹೇಗಿದೆ? ಹಡಗಿನ ಊಟ ಒಗ್ಗಿತಾ? ನೀವು ಫೋನ್ ಮಾಡಿ ಹತ್ತೊಂಬತ್ತು ದಿನ ಆಯ್ತು. ಹಡಗಿನ ಫೋನ್ ಕೆಟ್ಟಿದೆ, ಕಾಗದ ಕೊಟ್ಟರೆ ಮುಂದಿನ ಬಂದರಿಗೆ ತಲುಪಿಸ್ತೀವಿ ಅಂತ ನಿಮ್ಮ ಆಫೀಸಿನವರು ಅಂದರು. ಅದಕ್ಕೇ ಬರೀತಿದೀನಿ.

ಮಗಳು ಮೊಬೈಲಲ್ಲಿ ಒಂದು ಸೀರಿಯಲ್ ಹಿಡ್ಕೊಂಡಿದಾಳೆ. ಸಮುದ್ರದ ತಳದಲ್ಲಿ ಏನೋ ಮಲಗಿದೆಯಂತೆ, ಭೂಮಿಗಿಂತ ಹಳೇದು. ರಾಕ್ಷಸ ಅಲ್ಲ, ನಮ್ಮ ಮೇಲೆ ಸಿಟ್ಟೂ ಇಲ್ಲ. ನಾವು ಇದೀವಿ ಅಂತಲೇ ಅದಕ್ಕೆ ಗೊತ್ತಿಲ್ಲ. ಮಗ್ಗುಲು ಬದಲಿಸಿದರೆ ಮೇಲಿನ ಹಡಗು ಮುಳುಗಿಹೋಗುತ್ತೆ, ಅಷ್ಟೇ. "ಹಳೇ ಕಥೆಗಳಲ್ಲಿ ಅದನ್ನ ನೋಡಿದವರಿಗೆ ಹುಚ್ಚು ಹಿಡೀತಿತ್ತಮ್ಮ, ಇದರಲ್ಲಿ ಒಬ್ಬಳು ಹುಡುಗಿ ಹತ್ರ ಹೋಗಿ ಮಾತಾಡ್ತಾಳೆ" ಅಂತ ಸೊಪ್ಪು ಬಿಡಿಸ್ತಾ ಹೇಳಿದ್ಲು. ನಾನು ಹೂಂಗುಟ್ಟಿದೆ. ಲಿಂಗವನ್ನ ಅಂಗೈ ಮೇಲಿಟ್ಟು ಪೂಜೆ ಮಾಡೋರು ನಾವು, ನಮ್ಮನ್ನ ಅರಿಯದ ಅಷ್ಟು ದೊಡ್ಡದೊಂದು ಇರುತ್ತೆ ಅನ್ನೋದು ನನ್ನ ತಲೆಗೇ ಹೋಗಲಿಲ್ಲ.

ನಿನ್ನೆ ಕುಣಿಗಲ್‌ಗೆ ದಾಕ್ಷಾಯಣಿ ಅಕ್ಕನ ಮನೆಗೆ ಹೋಗಿದ್ವಿ. ಊಟ ಮುಗಿಸಿ ಕೆರೆ ಏರಿ ಮೇಲೆ ಅಕ್ಕನ ಜೊತೆ ಮಾತಾಡ್ತಾ ತಿರುಗಿ ನೋಡ್ತೀನಿ, ಪಲ್ಲವಿ ಇಲ್ಲ. ಕೆಳಗೆ ಎದೆಮಟ್ಟ ನೀರಲ್ಲಿ ನಿಂತಿದ್ಲು ರೀ! ಅಳ್ತಿರಲಿಲ್ಲ, ಯಾರಿಗೋ ಏನೋ ಹೇಳೋ ಹಾಗೆ ತುಟಿ ಆಡ್ತಿತ್ತು. ಹೇಗೆ ಇಳಿದೆನೋ, ಜಡೆ ಹಿಡಿದು ಎಳ್ಕೊಂಡು ಬಂದೆ. ಎರಡು ಬಾರಿಸಿಯೂ ಬಿಟ್ಟೆ. "ಎಲ್ಲಾ ನೀರೂ ಒಂದೇ ಅಲ್ವೇನಮ್ಮ? ನಮ್ಮಪ್ಪ ಹಡಗಲ್ಲಿ ಇದಾರೆ ಅಂತ ಅದಕ್ಕೆ ಹೇಳ್ದೆ. ಗೊತ್ತಿದ್ರೆ ಹುಷಾರಾಗಿ ಮಗ್ಗುಲಾಗುತ್ತೆ" ಅಂದ್ಲು. ಹೊಡೆದೆ ಅಂತ ಬೈಬೇಡಿ.

ಇವತ್ತು ಸ್ಕೂಲಿಗೆ ಕಳಿಸದೆ, ಜೊತೇಲಿ ಕೂತು ಆ ಸೀರಿಯಲ್ ನೋಡಿದೆ. ಅದರ ಮೈ ತೋರಿಸೋದೇ ಇಲ್ಲ, ಬರೀ ನೀರು ಕಪ್ಪಾಗುತ್ತೆ. ನನಗೂ ಅಲ್ಲಿ ನಿಮ್ಮ ಹಡಗೇ ಕಾಣ್ತು. ಅವಳೇ ನನ್ನ ಕೈ ಹಿಡ್ಕೊಂಡ್ಲು.

ಗುಬ್ಬಿಯಿಂದ ಅತ್ತೆ ಆಶೀರ್ವಾದ ಹೇಳಿ ಕಳಿಸಿದಾರೆ. ಶಿವ ನಿಮ್ಮನ್ನ ಕಾಯಲಿ.

ನಿಮ್ಮ
ರೂಪಶ್ರೀ

ತಾ.ಕ.: ಕೊನೇ ಭಾಗ ಈಗಷ್ಟೇ ನೋಡಿದೆ. ಮಾತಾಡಿಸಿದ್ದಕ್ಕೆ ಅದು ಆ ಹುಡುಗಿಯ ಹೆಸರು ತಗೊಂಡುಬಿಡುತ್ತೆ. ಆಮೇಲೆ ಹೆತ್ತವರಿಗೂ ಅವಳು ಯಾರು ಅಂತ ಗೊತ್ತಾಗಲ್ಲ. ಆ ಭಾಗ ಮೊದಲೇ ನೋಡಿದ್ದರೂ ಪಲ್ಲವಿ ನೀರಿಗಿಳಿದಿದಾಳೆ. ಬೆಳಗ್ಗಿಂದ "ಅಮ್ಮ, ನನ್ನ ಹೆಸರು ಹೇಳು" ಅಂತ ಕೇಳ್ತಾನೇ ಇದಾಳೆ. ನಾನೂ ಹೇಳ್ತಾನೇ ಇದೀನಿ. ಫೋನ್ ಸಿಕ್ಕಿದ ತಕ್ಷಣ ನನ್ನ ವಿಚಾರಿಸಬೇಡಿ. ಮೊದಲು ಅವಳ ಹೆಸರು ಹಿಡಿದು ಕರೀರಿ.